ಮೇ ತಿಂಗಳ ಗೆಳತಿಯರು

ನಾಗಪುರದಿಂದ ಸಮುದ್ರ ಎಷ್ಟು ದೂರ ಎಂದು ಯಾರಾದರೂ ಕೇಳಿದರೆ, ಯಾವ ಸಮುದ್ರ ಎಂದು ನಾವು ತಿರುಗಿ ಕೇಳಬೇಕಾಗುತ್ತದೆ. ಪೂರ್ವಕ್ಕೆ ಹೊರಟರೂ ದೂರ, ಪಶ್ಚಿಮಕ್ಕೆ ಹೊರಟರೂ ದೂರ. ದೇಶದ ನಡುಮಧ್ಯ ಇದೇ ಎಂದು ಹೇಳಿಕೊಳ್ಳುವ ಝೀರೋ ಮೈಲ್ ಕಂಬದ ಊರಿನವರು ನಾವು. ಹಾಗಿದ್ದೂ ಇಲ್ಲಿಯ ಹಲವು ಕನ್ನಡ ಮನೆಗಳ ಹೆಣ್ಣುಮಕ್ಕಳ ಬಾಲ್ಯದಲ್ಲಿ ಒಂದು ಸಮುದ್ರ ಇತ್ತು. ಕೆಲವರಿಗೆ ಅದು ಮಲ್ಪೆ, ಕೆಲವರಿಗೆ ಹೊನ್ನಾವರ, ಕೆಲವರಿಗೆ ಗೋಕರ್ಣ. ನಮಗೆ, ಅಂದರೆ ನಾವು ಮೂವರು ಅಕ್ಕತಂಗಿಯರಿಗೆ, ಅದು ಕಾರವಾರ. ಆ ಸಮುದ್ರದ ಜೊತೆಗೆ ಒಬ್ಬಳು ಗೆಳತಿಯೂ ಇರುತ್ತಿದ್ದಳು. ಮೇ ತಿಂಗಳಲ್ಲಿ ಸಿಕ್ಕು ಮೇ ತಿಂಗಳಲ್ಲಿಯೇ ಕಳೆದುಹೋಗುವ ಗೆಳತಿ.

ಹಿರಿಯರು ಇದನ್ನು ನಗೆಯ ಮಾತಾಗಿ ಆಡುವುದುಂಟು. “ಹುಡುಗಿಯರ ರಜೆಯ ಗೆಳೆತನ, ಗಾಡಿ ಹತ್ತಿದರೆ ಮುಗೀತು” ಎಂದು. ಬಹಳ ದಿನ ನಾವೂ ಹಾಗೆಯೇ ನಂಬಿದ್ದೆವು. ಈಗ ಕಚೇರಿಯಲ್ಲಿ ಇಪ್ಪತ್ತು ವರ್ಷ ಕಡತ ತಿರುವಿ ಹಾಕಿದ ಮೇಲೆ, ಆ ಗೆಳೆತನ ಮುಗಿದದ್ದಕ್ಕೆ ಹುಡುಗಿಯರ ಚಂಚಲ ಸ್ವಭಾವವಲ್ಲದೆ ಬೇರೆ ಕಾರಣಗಳೂ ಇದ್ದುವೆಂದು ತೋರುತ್ತಿದೆ. ಅವುಗಳಲ್ಲಿ ಕೆಲವು ಸರಕಾರದ ಸುತ್ತೋಲೆಗಳಲ್ಲಿವೆ. ಒಂದು ಮಾತ್ರ ನಮ್ಮ ಮನೆಯಲ್ಲಿಯೇ ಇತ್ತು.

ಮೊದಲು ಸುತ್ತೋಲೆಯ ವಿಷಯ. ಕೇಂದ್ರ ಸರಕಾರದ ನೌಕರರಿಗೆ ರಜಾ ಪ್ರಯಾಣ ರಿಯಾಯಿತಿ, ನಾವೆಲ್ಲ ಎಲ್.ಟಿ.ಸಿ. ಎಂದು ಕರೆಯುವುದು, ಬಂದದ್ದು 1956ರ ಅಕ್ಟೋಬರಿನಲ್ಲಿ. ಮರುತಿಂಗಳು ನವೆಂಬರ್ 1ಕ್ಕೆ ರಾಜ್ಯಗಳ ಪುನರ್ವಿಂಗಡಣೆಯಾಗಿ ಕನ್ನಡಿಗರಿಗೆ ಒಂದು ರಾಜ್ಯ ಸಿಕ್ಕಿತು. ಅದೇ ದಿನ ನಾಗಪುರ ಮಧ್ಯಪ್ರದೇಶದ ರಾಜಧಾನಿಯೆಂಬ ಪಟ್ಟ ಕಳೆದುಕೊಂಡು ಮುಂಬಯಿ ರಾಜ್ಯಕ್ಕೆ ಸೇರಿತು. ರಾಜಧಾನಿ ಭೋಪಾಲಕ್ಕೆ ಹೋದರೂ ಕೇಂದ್ರ ಸರಕಾರದ ಹಲವು ಕಚೇರಿಗಳು ಇಲ್ಲಿಯೇ ಉಳಿದುವು. ಆ ಕಚೇರಿಗಳ ಮೇಜುಗಳಿಗೆ ಮುಂದೆ ಧಾರವಾಡದಿಂದ, ಕಾರವಾರದಿಂದ, ಉಡುಪಿಯಿಂದ ನಮ್ಮ ತಂದೆಯಂಥವರು ಬಂದು ಕುಳಿತರು.

ಎಲ್.ಟಿ.ಸಿ.ಯ ನಿಯಮ ಹೀಗೆ: ನೌಕರನು ತನ್ನ ಸ್ವಂತ ಊರು ಯಾವುದೆಂದು ಬರೆದುಕೊಡಬೇಕು. ಸೇವಾವಧಿಯಲ್ಲಿ ಅದನ್ನು ಒಂದೇ ಒಂದು ಸಲ ಬದಲಾಯಿಸಬಹುದು. ಎರಡು ವರ್ಷಗಳ ಒಂದೊಂದು ಅವಧಿಗೆ ಒಂದು ಸಲ ಆ ಊರಿಗೆ ಹೋಗಿಬರುವ ಖರ್ಚು ಸಿಗುತ್ತದೆ. ಆರಂಭದ ವರ್ಷಗಳಲ್ಲಿ ಮೊದಲ 400 ಕಿಲೋಮೀಟರಿನ ದರ ನೌಕರನ ಜೇಬಿನಿಂದಲೇ ಹೋಗುತ್ತಿತ್ತಂತೆ. ನಾಗಪುರದವನ ಮಟ್ಟಿಗೆ ಅದು ಭುಸಾವಳ ಮುಟ್ಟುವವರೆಗಿನ ಮಾತು. ಮೂರನೆಯ ವೇತನ ಆಯೋಗದ ನಂತರ ನಾಲ್ಕು ವರ್ಷಕ್ಕೊಮ್ಮೆ ದೇಶದ ಯಾವ ಭಾಗಕ್ಕಾದರೂ ಹೋಗಬಹುದೆಂದು ಆಯಿತು. ನಮ್ಮ ತಂದೆ ಮಾತ್ರ ಕಾರವಾರವನ್ನು ಬಿಟ್ಟು ಬೇರೆಡೆಗೆ ಟಿಕೆಟ್ ತೆಗೆಸಿದವರಲ್ಲ. ಅಜ್ಜಿ ಇದ್ದಳು, ಅದಕ್ಕೆ.

ಎರಡು ವರ್ಷಕ್ಕೊಮ್ಮೆ ಎನ್ನುವುದು ಕಡತದಲ್ಲಿ ಸಣ್ಣ ಮಾತು. ಏಳು ವರ್ಷದ ಹುಡುಗಿ ಒಂಬತ್ತರವಳಾಗಿ ಬಂದಾಗ ಗೆಳತಿಯ ಹಲ್ಲು ಬದಲಾಗಿರುತ್ತವೆ. ಹನ್ನೊಂದಕ್ಕೆ ಬಂದಾಗ ಅವಳು ಕುಂಟಬಿಲ್ಲೆ ಬಿಟ್ಟಿರುತ್ತಾಳೆ. ಹದಿಮೂರಕ್ಕೆ ಬಂದಾಗ ಅವಳ ತಾಯಿ ಅವಳನ್ನು ಸಂಜೆ ಹೊರಗೆ ಬಿಡುವುದಿಲ್ಲ. ನಾವು 1986, 1988, 1990, 1992 ಹೀಗೆ ನಾಲ್ಕು ಸಲ ಹೋದೆವು. ನಾಲ್ಕು ಸಲವೂ ಅದೇ ಹುಡುಗಿಯ ಜೊತೆ ಹೊಸದಾಗಿ ಪರಿಚಯ ಮಾಡಿಕೊಂಡೆವು ಎಂದರೆ ಸುಳ್ಳಲ್ಲ.

ಇನ್ನು ಶಾಲೆಯ ಪಂಚಾಂಗ. ನಮ್ಮಲ್ಲಿ ಏಪ್ರಿಲ್ ಪೂರ್ತಿ ಪರೀಕ್ಷೆ, ಮೇ 1ರ ಮಹಾರಾಷ್ಟ್ರ ದಿನದಂದು ಫಲಿತಾಂಶ. ಬಿಸಿಲು 45 ಡಿಗ್ರಿ ದಾಟುವ ವಿದರ್ಭದಲ್ಲಿ ಶಾಲೆ ತೆರೆಯುವುದು ಜೂನ್ ಕೊನೆಯ ವಾರಕ್ಕೆ. ಕರ್ನಾಟಕದಲ್ಲಿ ಏಪ್ರಿಲ್ ನಡುವಿಗೇ ರಜೆ ಶುರು, ಜೂನ್ ಆರಂಭಕ್ಕೆ ಶಾಲೆ ಶುರು. ಎರಡೂ ರಾಜ್ಯಗಳ ರಜೆ ಒಂದರ ಮೇಲೊಂದು ಬೀಳುವುದು ಮೇ ತಿಂಗಳೊಂದರಲ್ಲಿ ಮಾತ್ರ. ಅದರಲ್ಲಿ ಪ್ರಯಾಣ ಕಳೆಯಿರಿ. ಮಹಾರಾಷ್ಟ್ರ ಎಕ್ಸ್‌ಪ್ರೆಸ್ಸಿನಲ್ಲಿ ಮೀರಜ, ಅಲ್ಲಿಂದ ಹುಬ್ಬಳ್ಳಿಗೆ ಮೀಟರ್ ಗೇಜಿನ ಗಾಡಿ (ಆ ಮಾರ್ಗ ಬ್ರಾಡ್ ಗೇಜ್ ಆದದ್ದು ತೊಂಬತ್ತರ ದಶಕದಲ್ಲಿ), ಹುಬ್ಬಳ್ಳಿಯಿಂದ ಯಲ್ಲಾಪುರ, ಅರಬೈಲ ಘಟ್ಟ, ಅಂಕೋಲೆ ಎಂದು ಬಸ್ಸು. ಘಟ್ಟದಲ್ಲಿ ನಮ್ಮ ನಡುವಿನವಳಿಗೆ ವಾಂತಿ ತಪ್ಪುತ್ತಿರಲಿಲ್ಲ. ಮೂರನೆಯ ದಿನ ಕಾರವಾರ. ಅಂಕೋಲೆ, ಶಿರಸಿಯ ನಂಟರ ಮನೆಗಳಿಗೆ ಒಂದು ವಾರ. ಮಳೆ ಹಿಡಿಯುವ ಮುನ್ನ ತಿರುಗಿ ಹೊರಡಬೇಕು. ಉಳಿದದ್ದು ಹದಿನೈದು ದಿನ, ಬಹಳವಾದರೆ ಹದಿನೆಂಟು. ಆ ಲೆಕ್ಕವನ್ನು ನಮ್ಮ ಅಕ್ಕ ನೋಟುಬುಕ್ಕಿನ ಹಿಂದಿನ ಹಾಳೆಯಲ್ಲಿ ಗೆರೆ ಎಳೆದು ಇಡುತ್ತಿದ್ದಳು.

ಕಾರವಾರ ಅಷ್ಟು ದೂರವಾಗಿಯೂ ಅಷ್ಟು ಸಣ್ಣದಾಗಿಯೂ ಉಳಿದದ್ದಕ್ಕೆ ಹಿಂದಿನ ಕಥೆ ಉಂಟು. 1862ರಲ್ಲಿ ಉತ್ತರ ಕನ್ನಡವನ್ನು ಮದರಾಸು ಪ್ರಾಂತದಿಂದ ಬಿಡಿಸಿ ಮುಂಬಯಿ ಪ್ರಾಂತಕ್ಕೆ ಸೇರಿಸಿದರು. ಅಮೆರಿಕದ ಅಂತರ್ಯುದ್ಧದಿಂದ ಹತ್ತಿಗೆ ಬರ ಬಂದಿತ್ತು. ಧಾರವಾಡದ ಹತ್ತಿಯನ್ನು ಕಾರವಾರ ಬಂದರಿನಿಂದ ಸಾಗಿಸುವ ಆಸೆ ಬಿಳಿಯರಿಗಿತ್ತು. ಆದರೆ ಘಟ್ಟ ಇಳಿದ ರೈಲು ಕಾರವಾರಕ್ಕೆ ಬರದೆ ಗೋವೆಯ ಮಾರ್ಮಗೋವಾಕ್ಕೆ ಹೋಯಿತು. ಕಾರವಾರದವರು ಗಾಡಿಯ ಸಿಳ್ಳು ಕೇಳಲು ಕೊಂಕಣ ರೈಲ್ವೆಯವರೆಗೆ ಕಾಯಬೇಕಾಯಿತು. ಆ ಮಾರ್ಗ ಪೂರ್ತಿಯಾಗಿ ತೆರೆದದ್ದು 1998ರ ಜನವರಿ 26ರಂದು, ಆಗ ನಮ್ಮ ರಜೆಯ ಕಾಲ ಮುಗಿದಿತ್ತು. ರೈಲಿಲ್ಲದ ಊರಿಗೆ ಪ್ರವಾಸಿಗರು ಕಡಿಮೆ. ಬೇಸಿಗೆಯಲ್ಲಿ ಬರುವವರೆಂದರೆ ಮುಂಬಯಿ, ಪುಣೆ, ನಾಗಪುರಗಳಲ್ಲಿ ನೌಕರಿ ಹಿಡಿದವರ ಮಕ್ಕಳು. ಹೀಗಾಗಿ ಅಲ್ಲಿಯ ಹುಡುಗಿಯರಿಗೆ ನಾವು ಪ್ರವಾಸಿಗರಾಗಿ ಕಾಣುತ್ತಿರಲಿಲ್ಲ, ಇಂಥವರ ಮೊಮ್ಮಕ್ಕಳಾಗಿ ಕಾಣುತ್ತಿದ್ದೆವು. ಗೆಳೆತನಕ್ಕೆ ಅಷ್ಟು ಸಾಕಾಗಿತ್ತು.

ಆ ದಂಡೆಗೆ ಬಂದು ಹೋದವರಲ್ಲಿ ಎಲ್ಲರಿಗಿಂತ ದೊಡ್ಡವರು ರವೀಂದ್ರನಾಥ ಠಾಕೂರರು. ಅವರ ಅಣ್ಣ ಸತ್ಯೇಂದ್ರನಾಥರು ಐ.ಸಿ.ಎಸ್. ಪಾಸಾದ ಮೊದಲ ಭಾರತೀಯರು, ಕಾರವಾರದಲ್ಲಿ ನ್ಯಾಯಾಧೀಶರಾಗಿದ್ದರು. 1883ರಲ್ಲಿ ಇಪ್ಪತ್ತೆರಡರ ತರುಣ ಕವಿ ಅಣ್ಣನ ಮನೆಗೆ ಬಂದರು. ಗಾಳಿಮರಗಳ ಆ ದಂಡೆಯನ್ನೂ ಬೆಳದಿಂಗಳಲ್ಲಿ ಕಾಳಿ ನದಿಯ ಮೇಲೆ ದೋಣಿಯಲ್ಲಿ ಹೋದದ್ದನ್ನೂ ತಮ್ಮ ಆತ್ಮಕಥನದಲ್ಲಿ ನೆನೆದಿದ್ದಾರೆ. ಇದು ಕಾರವಾರದ ಶಾಲಾಮಕ್ಕಳಿಗೂ ಗೊತ್ತು, ದಂಡೆಗೆ ಅವರ ಹೆಸರೇ ಇದೆ. ನಮಗೆ ಮುಖ್ಯವಾಗಿ ತೋರುವುದು ಬೇರೆ. ಅವರು ಅಲ್ಲಿ ಬರೆದ ‘ಪ್ರಕೃತಿರ್ ಪ್ರತಿಶೋಧ’ ನಾಟಕದಲ್ಲಿ ಎಲ್ಲವನ್ನೂ ತೊರೆದ ಒಬ್ಬ ಸನ್ಯಾಸಿಗೆ ದಿಕ್ಕಿಲ್ಲದ ಒಬ್ಬ ಹುಡುಗಿ ಅಂಟಿಕೊಳ್ಳುತ್ತಾಳೆ. ಆ ಮಮತೆಗೆ ಹೆದರಿ ಅವನು ಬಿಟ್ಟು ಓಡಿಹೋಗುತ್ತಾನೆ. ಮನಸ್ಸು ತಡೆಯದೆ ತಿರುಗಿ ಬರುವಷ್ಟರಲ್ಲಿ ಹುಡುಗಿ ಇಲ್ಲ. ಬಿ.ಎಸ್ಸಿ. ಓದಿದ ನಮಗೆ ನಾಟಕದ ತತ್ತ್ವವನ್ನು ವಿವರಿಸುವ ಅಧಿಕಾರವಿಲ್ಲ. ಆದರೂ ನಾಲ್ಕು ದಿನದ ಒಂದು ನಂಟು ಇಷ್ಟು ಭಾರವಾಗಬಹುದೆಂದು ನಮ್ಮ ಕಾರವಾರದ ದಂಡೆಯ ಮೇಲೆ ಕುಳಿತೇ ಒಬ್ಬರು ಬರೆದರಲ್ಲ ಎಂದು ಸಮಾಧಾನ.

ಈಗ ನಮ್ಮ ಗೆಳತಿಯ ವಿಷಯ. ಹೆಸರು ಬರೆಯುವುದಿಲ್ಲ. ಅವಳ ಒಪ್ಪಿಗೆ ಕೇಳಿಲ್ಲ, ಕೇಳಲು ಅವಳು ಸಿಕ್ಕಿಲ್ಲ. ಅಜ್ಜಿಯ ಮನೆಯಿಂದ ಮೂರನೆಯ ಮನೆ. ಬೆಳಿಗ್ಗೆ ದಡದಿಂದ ಬಲೆ ಎಳೆಯುವವರ ಹಗ್ಗದ ತುದಿ ಹಿಡಿದು ನಾವೂ ಎಳೆದಂತೆ ಮಾಡುವುದು, ಮಧ್ಯಾಹ್ನ ಜಗಲಿಯ ಮೇಲೆ ಚೆನ್ನೆಮಣೆ, ಸಂಜೆ ಚಿಪ್ಪು ಆರಿಸುವುದು. ಅವಳು ನಮಗೆ ಅಬ್ಬಲಿ ಹೂವಿನ ದಂಡೆ ಕಟ್ಟುವುದನ್ನು ಕಲಿಸಿದಳು. ನಾವು ಒಯ್ದ ಸಂತ್ರಾ ಬರ್ಫಿ ತಿಂದು, ಕಿತ್ತಳೆ ಹಣ್ಣನ್ನೇಕೆ ತರಲಿಲ್ಲ ಎಂದು ಕೇಳಿದಳು. ಮೇ ತಿಂಗಳಲ್ಲಿ ನಾಗಪುರದಲ್ಲಿಯೂ ಒಳ್ಳೆಯ ಕಿತ್ತಳೆ ಇರುವುದಿಲ್ಲವೆಂದರೆ ನಂಬಲಿಲ್ಲ. ಹೊರಡುವ ದಿನ ಅವರ ಮನೆಯಿಂದ ಕರಿ ಈಶಾಡು ಮಾವಿನಹಣ್ಣಿನ ಒಂದು ಬುಟ್ಟಿ ಬರುತ್ತಿತ್ತು. ಮೀರಜ ಬರುವ ಹೊತ್ತಿಗೆ ಡಬ್ಬಿಯೆಲ್ಲ ಅದರ ವಾಸನೆ.

ಅವಳ ಮನೆಮಾತು ಕೊಂಕಣಿ. ಕಾರವಾರದ ಬಹಳ ಮನೆಗಳಲ್ಲಿ ಹಾಗೆಯೇ. ಆ ಊರಿನ ಮೇಲೆ ಮಹಾರಾಷ್ಟ್ರ ಹಕ್ಕು ಕೇಳಿತ್ತು, ಮಹಾಜನ ಆಯೋಗ 1967ರಲ್ಲಿ ವರದಿ ಕೊಟ್ಟಿತು, ವಾದ ಇನ್ನೂ ನ್ಯಾಯಾಲಯದಲ್ಲಿದೆ. ದೊಡ್ಡವರ ಆ ಜಗಳ ಜಗಲಿಗೆ ಬರುತ್ತಿರಲಿಲ್ಲ. ನಾವು ನಾಗಪುರದಲ್ಲಿ ಬೀದಿಯಲ್ಲಿ ಮರಾಠಿ, ಶಾಲೆಯಲ್ಲಿ ಹಿಂದಿ ಇಂಗ್ಲಿಷು, ಮನೆಯಲ್ಲಿ ಮಾತ್ರ ಕನ್ನಡ ಆಡುವವರು. ಅವಳ ಕೊಂಕಣಿ ನಮಗೆ ಮರಾಠಿಯ ಬಲದಿಂದ ಅರ್ಧ ತಿಳಿಯುತ್ತಿತ್ತು. ಆದರೂ ಅವಳು ನಮ್ಮ ಜೊತೆ ಆಡುತ್ತಿದ್ದುದು ಕನ್ನಡ, ಶಾಲೆಯಲ್ಲಿ ಕಲಿತ ಶುದ್ಧ ಕನ್ನಡ. “ನಿಮ್ಮದು ಎಂಥ ಕನ್ನಡವೇ, ಅಜ್ಜಿಯ ಹಾಗೆ ಮಾತಾಡ್ತೀರಿ” ಎಂದು ನಗುತ್ತಿದ್ದಳು. ನಿಜವೇ. ನಮ್ಮ ವಯಸ್ಸಿನವರ ಜೊತೆ ಕನ್ನಡದಲ್ಲಿ ಜಗಳವಾಡಿದ್ದು, ಗುಟ್ಟು ಹೇಳಿದ್ದು, ಆಣೆ ಹಾಕಿದ್ದು ನಾವು ಆ ಜಗಲಿಯಲ್ಲಿಯೇ. ಸಂಘದ ನಾಟಕದಲ್ಲಿ ಪಾತ್ರ ಮಾಡುವಷ್ಟು ಕನ್ನಡ ನಮಗೆ ಬಂದದ್ದು ಒಬ್ಬ ಕೊಂಕಣಿ ಹುಡುಗಿಯಿಂದ.

1990ರ ಜೂನಿನಲ್ಲಿ ಅವಳಿಂದ ಒಂದು ಕಾರ್ಡು ಬಂತು. ಆಗ ಅಂಚೆ ಕಾರ್ಡಿಗೆ 15 ಪೈಸೆ. ಪಿನ್‌ಕೋಡನ್ನೂ ತಪ್ಪದೆ ಬರೆದಿದ್ದಳು. ಶಾಲೆ ಶುರುವಾಯಿತು, ಮಳೆ ಬಹಳ, ನೀವು ಮರೆತ ಚಿಪ್ಪಿನ ಡಬ್ಬಿ ನನ್ನ ಹತ್ತಿರ ಇದೆ, ಪತ್ರ ಬರೆಯಿರಿ ಎಂದು ಎರಡು ಬದಿಯೂ ತುಂಬಿ ಮುತ್ತಿನಂಥ ಅಕ್ಷರ. ಅದನ್ನು ತಾಯಿ ನಮಗೆ ಓದಿ ಹೇಳಬೇಕಾಯಿತು. ಕನ್ನಡ ಮಾತಾಡಲು ಬಲ್ಲ ನಾವು ಮೂವರೂ ಕನ್ನಡ ಓದಲಾರೆವು, ಬರೆಯಲಾರೆವು. ತಾಯಿ “ನೀವು ಹೇಳಿ, ನಾನು ಬರೆಯುತ್ತೇನೆ” ಎಂದಳು. ತಾಯಿಯ ಕೈಯಲ್ಲಿ ಬರೆಸಿದರೆ ನಮಗೆ ಬರೆಯಲು ಬಾರದೆಂದು ಅವಳಿಗೆ ತಿಳಿಯುತ್ತದೆ. ಹಿಂದಿಯಲ್ಲಿ ಬರೆದರೆ ನಗುತ್ತಾಳೆ. ಕಲಿತು ನಾವೇ ಬರೆಯೋಣ ಎಂದೆವು. ವರ್ಣಮಾಲೆಯ ಪುಸ್ತಕ ತಂದೆವು, ‘ಳ’ ಅಕ್ಷರದ ತನಕ ಬಂದೆವು, ಅಷ್ಟರಲ್ಲಿ ತಿಂಗಳ ಪರೀಕ್ಷೆ. ಎರಡು ವರ್ಷ ಹೋಯಿತು. 1992ರಲ್ಲಿ ಎದುರಿಗೆ ನಿಂತಾಗ ಅವಳು ಕಾರ್ಡಿನ ಮಾತೆತ್ತಲಿಲ್ಲ. ನಾವೂ ಎತ್ತಲಿಲ್ಲ. ಚಿಪ್ಪಿನ ಡಬ್ಬಿಯನ್ನು ತಂದು ಕೊಟ್ಟಳು, ಅಷ್ಟೇ.

ಆ ಮೇಲೆ ಅಜ್ಜಿ ತೀರಿಕೊಂಡಳು. ಮನೆಯನ್ನು ದೊಡ್ಡಪ್ಪ ಮಾರಿದರು. ತಂದೆ ಕಡತದಲ್ಲಿ ಸ್ವಂತ ಊರನ್ನು ಬದಲಾಯಿಸಲಿಲ್ಲ, ಆದರೆ ಅಲ್ಲಿ ಇಳಿದುಕೊಳ್ಳಲು ಮನೆ ಇರಲಿಲ್ಲ. ಊರೂ ಬದಲಾಗುತ್ತಿತ್ತು. 1986ರಲ್ಲಿ ಸೀಬರ್ಡ್ ನೌಕಾನೆಲೆಗೆ ಅಡಿಗಲ್ಲು ಬಿದ್ದಿತ್ತು. ಕದಂಬ ಎಂಬ ಹೆಸರಿನಿಂದ ಅದು 2005ರಲ್ಲಿ ಕಾರ್ಯಾರಂಭ ಮಾಡುವಷ್ಟರಲ್ಲಿ ಅರಗಾ ಮೊದಲಾದ ಊರುಗಳ ಸಾವಿರಾರು ಮನೆಗಳು ಸ್ಥಳ ಬಿಟ್ಟು ಎದ್ದಿದ್ದುವು. ಬೇಸಿಗೆಗೆ ಆ ಊರುಗಳಿಗೆ ಬರುತ್ತಿದ್ದ ಎಷ್ಟು ಮೊಮ್ಮಕ್ಕಳಿಗೆ ದಂಡೆ ತಪ್ಪಿಹೋಯಿತೋ, ಆ ಲೆಕ್ಕ ಯಾವ ಕಡತದಲ್ಲಿಯೂ ಸಿಗದು.

ನಾವು ತಿರುಗಿ ಹೋದದ್ದು ನೌಕರಿ ಸಿಕ್ಕ ಮೇಲೆ, ನಮ್ಮದೇ ಎಲ್.ಟಿ.ಸಿ.ಯ ಮೇಲೆ. ಮೂರನೆಯ ಮನೆಯಲ್ಲಿ ಬೇರೆಯವರಿದ್ದರು. ಮೂಲೆಯ ಅಂಗಡಿಯವರು ಕೇಳಿದ ಮೊದಲ ಪ್ರಶ್ನೆಯೇ, “ಯಾರ ಮನೆಗೆ ಕೊಟ್ಟದ್ದು ಅವಳನ್ನು, ಗಂಡನ ಹೆಸರೇನು?” ನಮಗೆ ಗೊತ್ತಿದ್ದದ್ದು ಮನೆಯಲ್ಲಿ ಕರೆಯುವ ಹೆಸರೊಂದೇ. ಹುಡುಗನಾಗಿದ್ದರೆ ಅಪ್ಪನ ಹೆಸರು, ಅಡ್ಡಹೆಸರು, ಅದೇ ಓಣಿ ಎಂದು ಹುಡುಕಬಹುದಿತ್ತು. ನಮ್ಮ ತಂದೆಯ ರಜೆಯ ಗೆಳೆಯರು ಅವರಿಗೆ ಎಪ್ಪತ್ತು ವರ್ಷವಾದರೂ ಅದೇ ವಿಳಾಸದಲ್ಲಿ ಸಿಗುತ್ತಿದ್ದರು. ಹೆಣ್ಣುಮಕ್ಕಳಿಗೆ ಮದುವೆಯಾದರೆ ಊರು, ಅಡ್ಡಹೆಸರು, ಕೆಲವು ಮನೆಗಳಲ್ಲಿ ಹೆಸರೂ ಹೊಸದು. ಟೆಲಿಫೋನ್ ಪುಸ್ತಕದಲ್ಲಿ ಗಂಡನ ಹೆಸರು. ನಮ್ಮನ್ನು ಅವಳು ಹುಡುಕಿದ್ದರೆ ಅವಳಿಗೂ ಇದೇ ಗತಿಯಾಗಿರಬೇಕು. ಆ ದಿನ ಅಂಗಡಿಯವರು ಪಾಪ, ಬಿಸಿಲಿಗೆ ಬಂದಿದ್ದೀರಿ ಎಂದು ಕೋಕಂ ಪಾನಕ ಕೊಟ್ಟು ದುಡ್ಡು ತೆಗೆದುಕೊಳ್ಳಲಿಲ್ಲ.

ಸತ್ಯೇಂದ್ರನಾಥರ ಮಗಳು ಇಂದಿರಾದೇವಿ, ಚಿಕ್ಕಪ್ಪ ರವೀಂದ್ರರು ತನಗೆ ಬರೆದ ಪತ್ರಗಳನ್ನು ಎರಡು ನೋಟುಬುಕ್ಕುಗಳಲ್ಲಿ ನಕಲು ಮಾಡಿ ಇಟ್ಟಿದ್ದರು. ಅವುಗಳಿಂದಲೇ 1912ರಲ್ಲಿ ‘ಛಿನ್ನಪತ್ರ’ ಪುಸ್ತಕವಾಯಿತು. ಒಬ್ಬ ಹುಡುಗಿ ಜೋಪಾನ ಮಾಡಿದ್ದರಿಂದ ಉಳಿದ ಪತ್ರಗಳು ಅವು. ನಮ್ಮಲ್ಲಿಯೂ ಒಂದು ಕಾರ್ಡು ಉಳಿದಿದೆ, ಟ್ರಂಕಿನಲ್ಲಿ, ತಾಯಿಯ ಸೀರೆಗಳ ಕೆಳಗೆ. ಈಗ ಅದನ್ನು ನಾವೇ ಓದಬಲ್ಲೆವು. ನಮ್ಮ ನಡುವಿನವಳು ಸಂಘದ ಕನ್ನಡ ತರಗತಿಗೆ ಹೋಗಿ ಕಲಿತು ನಮಗಿಬ್ಬರಿಗೂ ಕಲಿಸಿದಳು. ಈ ಲೇಖನವನ್ನು ಬರೆದದ್ದೂ ಆ ಅಕ್ಷರದಿಂದಲೇ. ಕಾಗುಣಿತವನ್ನು ಸಂಪಾದಕರು ತಿದ್ದಿಕೊಂಡಿರಬಹುದು.

ನಮ್ಮ ಸಂಘದ ಸದಸ್ಯರ ಮನೆಗಳಲ್ಲಿ ಮಲ್ಪೆ, ಕುಮಟೆ, ಭಟ್ಕಳ, ಮಂಗಳೂರುಗಳಿಂದ ಬಂದ ಇಂಥ ಕಾರ್ಡುಗಳು, ದಂಡೆಯಲ್ಲಿ ತೆಗೆಸಿದ ಫೋಟೋಗಳು ಇದ್ದೇ ಇರಬೇಕು. ಫೋಟೋದಲ್ಲಿ ಪಕ್ಕಕ್ಕೆ ನಿಂತ ಹುಡುಗಿ ಯಾರೆಂದು ಈಗ ಮನೆಯಲ್ಲಿ ಯಾರಿಗೂ ನೆನಪಿರಲಿಕ್ಕಿಲ್ಲ. ಹಾಗಿದ್ದರೂ ಅವನ್ನು ರದ್ದಿಗೆ ಹಾಕದೆ, ಮುಂದಿನ ಮಾಸಿಕ ಸಭೆಗೆ ಬರುವಾಗ ತರಬೇಕೆಂದು ವಾಚಕರಲ್ಲಿ ಕೇಳಿಕೊಳ್ಳುತ್ತೇವೆ. ಫೋಟೋದ ಹಿಂಬದಿಯಲ್ಲಿ ಏನಾದರೂ ಬರೆದಿದ್ದರೆ ಅದನ್ನು ಓದಿ ಹೇಳಲು ನಾವು ಮೂವರೂ ಇರುತ್ತೇವೆ.