ಹಾಡಿಲ್ಲದೆಡೆಯಲ್ಲಿ ನುಡಿದ ಸಂಗೀತ

ಚಲನಚಿತ್ರ ಸಂಗೀತವೆಂದರೆ ಹಾಡುಗಳು ಎಂಬ ಭಾವನೆ ನಮ್ಮಲ್ಲಿ ಬೇರೂರಿದೆ. ಹಾಡುಗಳು ಗ್ರಾಮಫೋನ್ ತಟ್ಟೆಗಳಲ್ಲಿ, ಮುಂದೆ ಕ್ಯಾಸೆಟ್ಟುಗಳಲ್ಲಿ ಮನೆಮನೆಗೆ ಬಂದವು. ದೃಶ್ಯದ ಹಿಂದೆ ನುಡಿಯುವ ಸಂಗೀತಕ್ಕೆ ಆ ಭಾಗ್ಯ ದೊರೆತದ್ದು ಅಪರೂಪ. ಚಿತ್ರದ ಪ್ರತಿ ನಾಶವಾದರೆ ಅದೂ ನಾಶವಾದಂತೆಯೇ. ಪಂಡಿತ್ ರಾಜೀವ್ ತಾರಾನಾಥ್ ಅವರ ಚಿತ್ರಜೀವನವನ್ನು ನೆನೆಯುವಾಗ ಈ ಮಾತು ಮುಖ್ಯವಾಗುತ್ತದೆ.

ಸೇಡಂ, ಚಿತ್ತಾಪುರದ ಕಡೆಯವರಿಗೆ ಈ ಮನೆತನ ದೂರದ್ದಲ್ಲ. ಕಲಬುರಗಿಯಂತೆ ರಾಯಚೂರೂ ನಿಜಾಮರ ಆಳ್ವಿಕೆಯಲ್ಲಿದ್ದ ಕಾಲದಲ್ಲಿ ಅಲ್ಲಿ ಹಮ್‌ದರ್ದ್ ಶಾಲೆಯನ್ನು ಕಟ್ಟಿದ ಪಂಡಿತ ತಾರಾನಾಥರು ರಾಜೀವರ ತಂದೆ. 1932ರ ಅಕ್ಟೋಬರ್ 17ರಂದು ಬೆಂಗಳೂರಿನಲ್ಲಿ ಜನಿಸಿದ ಅವರಿಗೆ ಸಂಗೀತದ ಮೊದಲ ಪಾಠ ತಂದೆಯಿಂದಲೇ ಆಯಿತು. ಹಾಡುಗಾರಿಕೆಯಲ್ಲಿ ಬೆಳೆಯುತ್ತಿದ್ದ ಯುವಕ ಅಲಿ ಅಕ್ಬರ್ ಖಾನರ ಸರೋದ್ ವಾದನಕ್ಕೆ ಮಾರುಹೋಗಿ, ಕಲ್ಕತ್ತೆಗೆ ತೆರಳಿ ಅವರ ಶಿಷ್ಯರಾದರು. ಇಂಗ್ಲಿಷ್ ಸಾಹಿತ್ಯದಲ್ಲಿ ಡಾಕ್ಟರೇಟ್ ಪಡೆದು ದೂರದ ಏಡನ್‌ನಲ್ಲಿಯೂ ಪಾಠ ಹೇಳಿದರು. ಕನ್ನಡದ ನವ್ಯ ಲೇಖಕರ ಒಡನಾಟವೂ ಇತ್ತು.

ಆ ಲೇಖಕರು ಚಿತ್ರರಂಗಕ್ಕೆ ಬಂದಾಗ ರಾಜೀವರೂ ಬಂದರು. ಯು. ಆರ್. ಅನಂತಮೂರ್ತಿಯವರ ಕಾದಂಬರಿಯನ್ನು ಆಧರಿಸಿ ಪಟ್ಟಾಭಿರಾಮ ರೆಡ್ಡಿ ನಿರ್ದೇಶಿಸಿದ 'ಸಂಸ್ಕಾರ' (1970) ಮೊದಲು ಸೆನ್ಸಾರ್ ತಡೆಯನ್ನು ಎದುರಿಸಿ, ಆಮೇಲೆ ರಾಷ್ಟ್ರಪತಿಗಳ ಸ್ವರ್ಣಪದಕ ಗಳಿಸಿತು. ಅದರ ಸಂಗೀತ ರಾಜೀವರದು. ಪಿ. ಲಂಕೇಶರಿಗೆ ಶ್ರೇಷ್ಠ ನಿರ್ದೇಶಕ ರಾಷ್ಟ್ರಪ್ರಶಸ್ತಿ ತಂದ 'ಪಲ್ಲವಿ'ಯ ಸಂಗೀತವೂ ಅವರದೇ.

ಹೊಸ ಅಲೆಯ ಈ ಚಿತ್ರಗಳಿಗೆ ಇಂಥ ಸಂಗೀತಗಾರ ಏಕೆ ಬೇಕಾದರು? ಸರೋದಿಗೆ ಸಿತಾರಿನಂತೆ ಮೆಟ್ಟಿಲುಗಳಿಲ್ಲ. ನುಣುಪಾದ ಲೋಹದ ಹಲಗೆಯ ಮೇಲೆ ತಂತಿಯನ್ನು ಒತ್ತಿ ಬೆರಳು ಜಾರಿದಂತೆ ಸ್ವರವೂ ಜಾರುತ್ತದೆ. ಮೀಟಿದೊಡನೆ ಗಟ್ಟಿಯಾಗಿ ಹುಟ್ಟಿ, ನಿಧಾನವಾಗಿ ಮೌನದಲ್ಲಿ ಕರಗುತ್ತದೆ. ರಾಗವನ್ನು ಬಿಡಿಸುವವನಿಗೆ ಯಾವ ಸ್ವರದಲ್ಲಿ ಎಷ್ಟು ಹೊತ್ತು ನಿಲ್ಲಬೇಕು, ಎಲ್ಲಿ ಸುಮ್ಮನಿರಬೇಕು ಎಂಬುದೇ ವಿದ್ಯೆ. ಮಾತು ಕಡಿಮೆಯಾದ ಚಿತ್ರಕ್ಕೆ ಬೇಕಾದದ್ದೂ ಅದೇ. ಮಲಯಾಳದ ಜಿ. ಅರವಿಂದನ್ ತಮ್ಮ 'ಕಾಂಚನ ಸೀತಾ' (1977) ಚಿತ್ರಕ್ಕೆ ರಾಜೀವರನ್ನೇ ಕರೆದರು. 'ಪೋಕ್ಕುವೆಯಿಲ್' ಚಿತ್ರದಲ್ಲಿ ಅವರ ಸರೋದಿನ ಜೊತೆಗೆ ಹರಿಪ್ರಸಾದ್ ಚೌರಾಸಿಯಾ ಅವರ ಕೊಳಲೂ ಸೇರಿತು.

ಚಿತ್ರರಂಗದಲ್ಲಿ ಅವರು ಮಾಡಿದ ಕೆಲಸ ಬಹಳವಿಲ್ಲ. ಮುಂದೆ ಅಮೆರಿಕದ ಕ್ಯಾಲಿಫೋರ್ನಿಯಾದಲ್ಲಿ ವರ್ಷಗಟ್ಟಲೆ ಸಂಗೀತ ಕಲಿಸಿದರು. 2019ರಲ್ಲಿ ಪದ್ಮಶ್ರೀ ಬಂದಿತು. 2024ರ ಜೂನ್ 11ರಂದು ಮೈಸೂರಿನಲ್ಲಿ ನಿಧನರಾದರು. ಅವರ ಕಛೇರಿಗಳ ಧ್ವನಿಮುದ್ರಣಗಳು ಉಳಿದಿವೆ. ಚಿತ್ರಸಂಗೀತ ಉಳಿಯಬೇಕಾದರೆ ಆ ಚಿತ್ರಗಳೇ ಉಳಿಯಬೇಕು. ಹಳೆಯ ಪ್ರತಿಗಳನ್ನು ಕಾಪಾಡುವುದೆಂದರೆ ನಟರ ಮುಖಗಳನ್ನಷ್ಟೇ ಕಾಪಾಡುವುದಲ್ಲ. ಅವುಗಳ ಹಿಂದಿನ ನಾದವನ್ನೂ ಕಾಪಾಡುವುದಾಗಿದೆ.