ಕಿರಿಯ ಪಾತ್ರಗಳ ಹಿರಿಯ ನಟಿ

ರಂಗಭೂಮಿಯ ಮತ್ತು ಚಲಚ್ಚಿತ್ರದ ಚರಿತ್ರೆಯನ್ನು ಬರೆಯುವವರು ಸಾಮಾನ್ಯವಾಗಿ ನಾಯಕ ನಾಯಿಕೆಯರ ಹೆಸರುಗಳನ್ನೇ ಪೋಣಿಸುತ್ತ ಹೋಗುವರು. ಬಾಗಿಲು ತೆರೆದು ಅತಿಥಿಯನ್ನು ಒಳಗೆ ಕರೆದವಳಾರು, ರೋಗಿಯ ಹಾಸಿಗೆಯ ಬಳಿ ನಿಂತ ದಾದಿ ಯಾರು, ಎಂದು ಕೇಳುವವರು ವಿರಳ. ಆದರೆ ಆ ಬಾಗಿಲು ತೆರೆಯದಿದ್ದರೆ ಕಥೆಯೇ ಮುಂದೆ ಸಾಗದು. ಅರ್ಧ ಶತಮಾನಕ್ಕೂ ಮಿಕ್ಕು ಇಂಥ ಪಾತ್ರಗಳನ್ನೇ ಶ್ರದ್ಧೆಯಿಂದ ನಿರ್ವಹಿಸಿದ ಇಂಗ್ಲೆಂಡಿನ ನಟಿ ಜೋನ್ ಹಿಕ್‌ಸನ್ ಅವರ ಬಾಳನ್ನು ನಾವು ಇಲ್ಲಿ ವಾಚಕರ ಮುಂದಿಡಬಯಸುತ್ತೇವೆ.

ಹಿಕ್‌ಸನ್ ಜನಿಸಿದುದು 1906ನೆಯ ಇಸವಿ ಆಗಸ್ಟ್ 5ರಂದು, ನಾರ್ಥಾಂಪ್ಟನ್ನಿನ ಕಿಂಗ್ಸ್‌ಥಾರ್ಪ್ ಎಂಬಲ್ಲಿ. ಲಂಡನ್ನಿನ ರಾಯಲ್ ಅಕಾಡೆಮಿ ಆಫ್ ಡ್ರಾಮ್ಯಾಟಿಕ್ ಆರ್ಟ್ ಎಂಬ ಪ್ರಸಿದ್ಧ ನಟನಾಶಾಲೆಯಲ್ಲಿ ಶಿಕ್ಷಣ ಪಡೆದು 1927ರಲ್ಲಿ ಅವರು ರಂಗವನ್ನೇರಿದರು. ಅದೇ ವರ್ಷ ಬ್ರಿಟಿಷ್ ಪಾರ್ಲಿಮೆಂಟು ಚಲಚ್ಚಿತ್ರಗಳನ್ನು ಕುರಿತು ಒಂದು ಶಾಸನವನ್ನು ಮಾಡಿತು. ಆಗ ಅಲ್ಲಿನ ಚಿತ್ರಮಂದಿರಗಳನ್ನು ಅಮೆರಿಕದ ಚಿತ್ರಗಳೇ ಆವರಿಸಿಕೊಂಡಿದ್ದುವು. ಪ್ರದರ್ಶಿತವಾಗುವ ಚಿತ್ರಗಳಲ್ಲಿ ಇಂತಿಷ್ಟು ಪಾಲು ಬ್ರಿಟಿಷ್ ಚಿತ್ರಗಳೇ ಇರತಕ್ಕದ್ದೆಂದು ಶಾಸನವು ವಿಧಿಸಿತು. ಆ ಪಾಲು ಮೆಟ್ಟಿಲು ಮೆಟ್ಟಿಲಾಗಿ ಶೇಕಡಾ 20ಕ್ಕೆ ಏರಿತು. ಅದನ್ನು ತುಂಬಿಕೊಡಲು ಅಲ್ಪ ವೆಚ್ಚದ ಚಿತ್ರಗಳು ಅವಸರ ಅವಸರವಾಗಿ ತಯಾರಾದುವು. ಅವುಗಳಲ್ಲಿ ಅನೇಕ ಚಿತ್ರಗಳು ನಿಸ್ಸಾರವಾಗಿದ್ದರೂ ನಟನಟಿಯರಿಗೆ ಅನ್ನವನ್ನೂ ಅಭ್ಯಾಸವನ್ನೂ ಒದಗಿಸಿದುವು. ಇಂಥ ಕಾಲದಲ್ಲಿ, 1934ರಲ್ಲಿ, ‘ಟ್ರಬಲ್ ಇನ್ ಸ್ಟೋರ್’ ಎಂಬ ಚಿತ್ರದ ಮೂಲಕ ಹಿಕ್‌ಸನ್ ಬೆಳ್ಳಿತೆರೆಯನ್ನು ಪ್ರವೇಶಿಸಿದರು.

ಎಲ್‌ಸ್ಟ್ರೀ, ಪೈನ್‌ವುಡ್ ಮೊದಲಾದ ಚಿತ್ರನಿರ್ಮಾಣ ಕೇಂದ್ರಗಳು ಲಂಡನ್ನಿನ ಸಮೀಪದಲ್ಲಿಯೇ ಇದ್ದುವು. ಆದುದರಿಂದ ಹಗಲು ಕ್ಯಾಮರಾದ ಮುಂದೆ ನಿಂತವರು ಸಂಜೆ ನಗರದ ನಾಟಕಶಾಲೆಯನ್ನು ಸೇರುವುದು ಸಾಧ್ಯವಿತ್ತು. ರಂಗದ ಮೇಲೆ ಮಾತು ಕೊನೆಯ ಸಾಲಿನವರೆಗೂ ಮುಟ್ಟಬೇಕು. ತೆರೆಯ ಮೇಲಾದರೋ ಹುಬ್ಬಿನ ಒಂದು ಚಲನೆಯೇ ಸಾಕು. ಈ ಎರಡು ವಿದ್ಯೆಗಳನ್ನೂ ಏಕಕಾಲದಲ್ಲಿ ಸಾಧಿಸಿಕೊಂಡ ಪೋಷಕ ನಟವರ್ಗವೊಂದು ಅಲ್ಲಿ ಬೆಳೆದುದಕ್ಕೆ ಈ ಸಾಮೀಪ್ಯವೂ ಒಂದು ಕಾರಣ.

ಹಿಕ್‌ಸನ್ ಧರಿಸಿದ ಪಾತ್ರಗಳನ್ನು ನೋಡಿರಿ. 1937ರ ‘ಲವ್ ಫ್ರಮ್ ಎ ಸ್ಟ್ರೇಂಜರ್’ ಚಿತ್ರದಲ್ಲಿ ಮನೆಗೆಲಸದ ಹುಡುಗಿ. 1950ರ ‘ಸೆವೆನ್ ಡೇಸ್ ಟು ನೂನ್’ ಚಿತ್ರದಲ್ಲಿ, ಬಾಂಬನ್ನು ಹೊತ್ತು ತಲೆಮರೆಸಿಕೊಂಡ ವಿಜ್ಞಾನಿಗೆ ಕೋಣೆಯನ್ನು ಬಾಡಿಗೆಗೆ ಕೊಡುವ ಮನೆಯೊಡತಿ. 1959ರ ‘ಕ್ಯಾರಿ ಆನ್ ನರ್ಸ್’ ಎಂಬ ವಿನೋದಚಿತ್ರದಲ್ಲಿ ಆಸ್ಪತ್ರೆಯ ಹಿರಿಯ ದಾದಿ. ಆ ಮಾಲೆಯ ಐದು ಚಿತ್ರಗಳಲ್ಲಿ ಅವರು ಕಾಣಿಸಿಕೊಂಡರು. ಯುದ್ಧಕಾಲದಲ್ಲಿ ನಿಂತುಹೋಗಿದ್ದ ಬಿ.ಬಿ.ಸಿ. ದೂರದರ್ಶನವು 1946ರಲ್ಲಿ ಮರಳಿ ಆರಂಭವಾಯಿತು. 1955ರಲ್ಲಿ ಅದಕ್ಕೆ ಪ್ರತಿಯಾಗಿ ಐ.ಟಿ.ವಿ. ಎಂಬ ಖಾಸಗಿ ಜಾಲವೂ ಹುಟ್ಟಿತು. ಪೋಷಕ ನಟಿಯರಿಗೆ ಹೊಸ ಅಂಗಳವೊಂದು ದೊರೆತಂತಾಯಿತು. 1963ರಲ್ಲಿ ಪ್ರಾರಂಭವಾದ ‘ಅವರ್ ಮ್ಯಾನ್ ಅಟ್ ಸೇಂಟ್ ಮಾರ್ಕ್ಸ್’ ಎಂಬ ದೂರದರ್ಶನ ಮಾಲೆಯಲ್ಲಿ ಹಿಕ್‌ಸನ್ ಪಾದ್ರಿಯ ಮನೆವಾರ್ತೆ ನೋಡುವ ಹೆಂಗಸು.

ಮನೆಗೆಲಸದವಳು, ಮನೆಯೊಡತಿ, ದಾದಿ, ಮನೆವಾರ್ತೆಯವಳು: ಈ ಪಟ್ಟಿಯು ನಟಿಯೊಬ್ಬಳ ವೃತ್ತಿಯ ಲೆಕ್ಕ ಮಾತ್ರವಲ್ಲವೆಂದು ನಮಗೆ ತೋರುತ್ತದೆ. ನಡುವಯಸ್ಸು ಮೀರಿದ ಹೆಂಗಸಿಗೆ ಆ ಸಮಾಜವು ಕೊಟ್ಟ ಸ್ಥಾನಗಳ ಲೆಕ್ಕವೂ ಅದೇ. ನಟನಿಗೆ ವಯಸ್ಸಾದರೆ ರಾಜನ, ನ್ಯಾಯಾಧೀಶನ, ಸೇನಾಪತಿಯ ಪಾತ್ರಗಳು ಕಾದಿರುತ್ತವೆ. ನಟಿಗೆ ಅಡುಗೆಮನೆಯ ಬಾಗಿಲು. ಆ ಬಾಗಿಲಲ್ಲಿಯೇ ನಿಂತು ಹಿಕ್‌ಸನ್ ಒಂದೊಂದು ಹೆಂಗಸಿಗೂ ಬೇರೆ ಬೇರೆ ನಡಿಗೆಯನ್ನು, ಬೇರೆ ಬೇರೆ ಮುನಿಸನ್ನು ಕೊಟ್ಟರು.

ಇನ್ನು ಈ ಬಾಳಿನ ಮುಖ್ಯ ಘಟನೆಗೆ ಬರೋಣ. 1945ರಲ್ಲಿ ಪತ್ತೇದಾರಿ ಕಾದಂಬರಿಗಳ ಪ್ರಖ್ಯಾತ ಲೇಖಕಿ ಅಗಾಥಾ ಕ್ರಿಸ್ಟಿ ಅವರ ‘ಅಪಾಯಿಂಟ್‌ಮೆಂಟ್ ವಿತ್ ಡೆತ್’ ನಾಟಕದಲ್ಲಿ ಹಿಕ್‌ಸನ್ ಅಭಿನಯಿಸಿದರು. ಅದನ್ನು ಮೆಚ್ಚಿದ ಲೇಖಕಿಯು, ಮುಂದೊಂದು ದಿನ ತಮ್ಮ ಪ್ರೀತಿಯ ಮಿಸ್ ಮಾರ್ಪಲ್‌ಳ ಪಾತ್ರವನ್ನು ನೀವು ವಹಿಸಬೇಕೆಂಬ ಆಸೆ ತಮಗಿದೆಯೆಂದು ಅವರಿಗೆ ಬರೆದು ತಿಳಿಸಿದರು. ಮಿಸ್ ಮಾರ್ಪಲ್ ಎಂದರೆ ಸೇಂಟ್ ಮೇರಿ ಮೀಡ್ ಎಂಬ ಕಲ್ಪಿತ ಹಳ್ಳಿಯ ಅವಿವಾಹಿತ ಮುದುಕಿ; ಹೆಣಿಗೆ ಹಾಕುತ್ತ ಕುಳಿತು, ಪೋಲೀಸರು ಕಾಣದುದನ್ನು ಕಾಣುವವಳು. ಆಗ ಹಿಕ್‌ಸನ್‌ಗೆ ನಲವತ್ತು ಕೂಡ ತುಂಬಿರಲಿಲ್ಲ.

ಆ ಪಾತ್ರ ಬಹುಕಾಲ ಬೇರೆಯವರ ಪಾಲಾಯಿತು. 1961ರಲ್ಲಿ ‘4.50 ಫ್ರಮ್ ಪ್ಯಾಡಿಂಗ್ಟನ್’ ಕಾದಂಬರಿಯು ‘ಮರ್ಡರ್ ಶಿ ಸೆಡ್’ ಎಂಬ ಹೆಸರಿನಿಂದ ಚಿತ್ರವಾದಾಗ ಮಿಸ್ ಮಾರ್ಪಲ್ ಆದವರು ಮಾರ್ಗರೆಟ್ ರುದರ್‌ಫರ್ಡ್. ಅದೇ ಚಿತ್ರದಲ್ಲಿ ಹಿಕ್‌ಸನ್‌ಗೆ ದೊರೆತುದು ಮಿಸೆಸ್ ಕಿಡರ್ ಎಂಬ ಮನೆಗೆಲಸದವಳ ಪಾತ್ರ. ಅವರು ಅದನ್ನೂ ಅಚ್ಚುಕಟ್ಟಾಗಿ ಮಾಡಿ ಮುಂದಿನ ಕೆಲಸಕ್ಕೆ ಹೊರಟರು.

1967ರಲ್ಲಿ ಅವರ ಪತಿ, ವೈದ್ಯರಾಗಿದ್ದ ಎರಿಕ್ ಬಟ್ಲರ್ ತೀರಿಕೊಂಡರು. ಕೆಲಸ ನಿಲ್ಲಲಿಲ್ಲ. ಅಲನ್ ಏಕ್‌ಬೋರ್ನ್ ಅವರ ‘ಬೆಡ್‌ರೂಮ್ ಫಾರ್ಸ್’ ನಾಟಕದ ಅಭಿನಯಕ್ಕಾಗಿ 1979ರಲ್ಲಿ ನ್ಯೂಯಾರ್ಕಿನಲ್ಲಿ ಟೋನಿ ಪ್ರಶಸ್ತಿ ಬಂದಿತು; ಅದೂ ಪೋಷಕ ನಟಿಗೆ ಸಲ್ಲುವ ಪ್ರಶಸ್ತಿಯೇ. ಕೊನೆಗೆ 1984ರ ಡಿಸೆಂಬರ್ 26ರಂದು ಬಿ.ಬಿ.ಸಿ.ಯಲ್ಲಿ ‘ದಿ ಬಾಡಿ ಇನ್ ದಿ ಲೈಬ್ರರಿ’ ಪ್ರಸಾರವಾಯಿತು. ಮಿಸ್ ಮಾರ್ಪಲ್ ಆಗಿ ಬಂದವರು ಹಿಕ್‌ಸನ್. ಅವರ ವಯಸ್ಸು 78. ಲೇಖಕಿಯು ಆಸೆಪಟ್ಟು ಸುಮಾರು ನಾಲ್ಕು ದಶಕಗಳಾಗಿದ್ದುವು. ಆ ಲೇಖಕಿಯೂ 1976ರಲ್ಲಿಯೇ ಗತಿಸಿದ್ದರು. ಅಲ್ಲಿಂದ 1992ರ ಡಿಸೆಂಬರಿನವರೆಗೆ ಮಿಸ್ ಮಾರ್ಪಲ್‌ಳ ಹನ್ನೆರಡು ಕಾದಂಬರಿಗಳಲ್ಲಿಯೂ ಹಿಕ್‌ಸನ್ನರೇ ಅಭಿನಯಿಸಿದರು. ಒಮ್ಮೆ ಕೆಲಸದವಳಾಗಿದ್ದ ‘4.50 ಫ್ರಮ್ ಪ್ಯಾಡಿಂಗ್ಟನ್’ ಕಥೆಗೆ 1987ರಲ್ಲಿ ಅವರೇ ನಾಯಿಕೆ. ಅದೇ ವರ್ಷ ಬ್ರಿಟಿಷ್ ಸರಕಾರವು ಒ.ಬಿ.ಇ. ಗೌರವವನ್ನಿತ್ತಿತು.

ಇದನ್ನು ಅದೃಷ್ಟವೆಂದು ಹೇಳುವವರುಂಟು. ನಾವು ಹಾಗೆನ್ನಲಾರೆವು. ಮಿಸ್ ಮಾರ್ಪಲ್‌ಳ ಶಕ್ತಿ ಯಾವುದು? ಆಕೆಯನ್ನು ಯಾರೂ ಗಮನಿಸುವುದಿಲ್ಲ. ಆಕೆ ಎಲ್ಲರನ್ನೂ ಗಮನಿಸುತ್ತಾಳೆ. ಕೋಣೆಯ ಮೂಲೆಯಲ್ಲಿ ಕುಳಿತು, ಇನ್ನೊಬ್ಬರ ಮಾತನ್ನು ಪೂರ್ತಿಯಾಗಿ ಕೇಳಿ, ತಕ್ಕ ಹೊತ್ತಿಗೆ ಒಂದು ಮಾತು ಆಡುವ ಕಲೆಯನ್ನು ಹಿಕ್‌ಸನ್ ಐದು ದಶಕಗಳ ಕಿರುಪಾತ್ರಗಳಲ್ಲಿ ಕಲಿತಿದ್ದರು. ನಾಯಿಕೆಯರಾಗಿಯೇ ಬೆಳೆದವರಿಗೆ ಗಮನಕ್ಕೆ ಬೀಳದೆ ಇರುವುದು ಸುಲಭವಲ್ಲ.

ಎಸೆಕ್ಸಿನ ವಿವೆನ್‌ಹೋ ಎಂಬ ಊರಿನಲ್ಲಿ ನಲವತ್ತು ವರ್ಷ ಬಾಳಿದ ಹಿಕ್‌ಸನ್ 1998ರ ಅಕ್ಟೋಬರ್ 17ರಂದು, ತಮ್ಮ 92ನೆಯ ವಯಸ್ಸಿನಲ್ಲಿ ನಿಧನ ಹೊಂದಿದರು. ಮಾರ್ಪಲ್ ಪಾತ್ರ ಬಾರದೆಯೇ ಹೋಗಿದ್ದರೂ ಅವರ ಬಾಳು ವ್ಯರ್ಥವಾಗುತ್ತಿರಲಿಲ್ಲ. ಅವರು ನಿಂತ ದೃಶ್ಯಗಳೆಲ್ಲ ಆಗಲೇ ಗಟ್ಟಿಯಾಗಿದ್ದುವು. ಶಾಲೆಯ ವಾರ್ಷಿಕೋತ್ಸವದ ನಾಟಕಕ್ಕೆ ಪಾತ್ರಗಳನ್ನು ಹಂಚುವ ಉಪಾಧ್ಯಾಯ ಬಂಧುಗಳು, ದೂತನ ಪಾತ್ರ ಸಿಕ್ಕಿತೆಂದು ಮುಖ ಸಣ್ಣದು ಮಾಡಿಕೊಂಡ ಮಗುವಿಗೆ ಈ ನಟಿಯ ಕಥೆಯನ್ನು ಹೇಳಬಹುದು. ಆದರೆ ಮುಂದೆ ನೀನು ರಾಜನಾಗುವೆಯೆಂಬ ಆಸೆ ತೋರಿಸಲು ಹೇಳುವುದು ಬೇಡ. ದೂತನು ತಂದ ಸುದ್ದಿಯನ್ನು ಸಭೆ ನಂಬದಿದ್ದರೆ ರಾಜನ ಕಣ್ಣೀರನ್ನೂ ನಂಬದು ಎಂಬುದನ್ನು ತಿಳಿಸಲು ಹೇಳೋಣ.