ಕಾಂಕ್ರೀಟಿನ ಮೇಲೆ ಪರಸಿ ಕಲ್ಲು

ಉತ್ತರ ಕರ್ನಾಟಕದ ಹಳೆಯ ಮನೆಗಳಲ್ಲಿ ಬಿರುಬೇಸಿಗೆಯಲ್ಲೂ ಅಂಗಾಲಿಗೆ ತಂಪೆನಿಸುವ ಬೂದು ಬಣ್ಣದ ಹಾಸುಗಲ್ಲು ಕಾಣಸಿಗುತ್ತದೆ. ಜನ ಅದನ್ನು ಪರಸಿ ಎನ್ನುತ್ತಾರೆ. ನೆಲ, ಹಾಸು ಎಂಬ ಅರ್ಥದ ‘ಫರ್ಶ್’ ಪದದಿಂದ ಬಂದ ಮಾತಿದು. ಈ ಕಲ್ಲಿಗೆ ಹೆಸರು ಕೊಟ್ಟ ಊರು ಕಲಬುರಗಿ ಜಿಲ್ಲೆಯ ಶಹಾಬಾದ್.

ಭೀಮಾ ಸೀಮೆಯ ಈ ಸುಣ್ಣಕಲ್ಲು 50 ಕೋಟಿ ವರ್ಷಗಳಿಗೂ ಹಿಂದೆ ಆಳವಿಲ್ಲದ ಕಡಲ ತಳದಲ್ಲಿ ಪದರಪದರವಾಗಿ ಕೂತದ್ದು. ಆದ್ದರಿಂದಲೇ ಉಳಿ, ಸುತ್ತಿಗೆ, ಹಾರೆಗಳಿದ್ದರೆ ಅದನ್ನು ಹಲಗೆಯಂತೆ ಬಿಡಿಸಬಹುದು. 1871ರಲ್ಲಿ ಮುಂಬಯಿ ಕಡೆಯ ರೈಲುಮಾರ್ಗ ಈ ಸೀಮೆಯನ್ನು ಹಾದು ರಾಯಚೂರು ಮುಟ್ಟಿತು. ಬಂಡಿ ಸಾಗುವಷ್ಟು ದೂರಕ್ಕೆ ಮಾತ್ರ ಹೋಗುತ್ತಿದ್ದ ಭಾರದ ಕಲ್ಲಿಗೆ ದೂರದ ಪೇಟೆ ತೆರೆಯಿತು. ಮಹಾರಾಷ್ಟ್ರದಲ್ಲಿ ‘ಶಹಾಬಾದಿ ಫರಶಿ’ ಮನೆಮಾತಾಯಿತು.

ಆಗ ಕಲ್ಲಿನ ಕೆಳಗೆ ಇರುತ್ತಿದ್ದುದು ದಿಮ್ಮಸು ಹೊಡೆದ ಮಣ್ಣು ಮತ್ತು ಸುಣ್ಣದ ಗಾರೆ. ನೆಲ ತುಸು ಕುಸಿದರೂ ಸುಣ್ಣ ಹೊಂದಿಕೊಳ್ಳುತ್ತಿತ್ತು. ಬೇಕಾದಾಗ ಕಲ್ಲನ್ನು ಎಬ್ಬಿಸಿ ಮತ್ತೆ ಹಾಸಬಹುದಿತ್ತು. 20ನೇ ಶತಮಾನದಲ್ಲಿ ಸಿಮೆಂಟ್ ಆ ಜಾಗಕ್ಕೆ ಬಂತು. ಶಹಾಬಾದ್, ವಾಡಿಗಳಲ್ಲೇ ಸಿಮೆಂಟ್ ಕಾರ್ಖಾನೆಗಳು ಎದ್ದವು. ಆ ನೆಲದ ಸುಣ್ಣಕಲ್ಲನ್ನು ಸೀಳಿದರೆ ಪರಸಿ, ಸುಟ್ಟು ಅರೆದರೆ ಸಿಮೆಂಟ್.

ಮೂಲ ಒಂದೇ ಆದರೂ ಇವೆರಡೂ ತಾವಾಗಿಯೇ ಬೆಸೆಯುವುದಿಲ್ಲ. ಗಟ್ಟಿಯಾದ ಹಳೆಯ ಕಾಂಕ್ರೀಟಿನ ನುಣುಪು ಮೈ ಹೊಸ ಗಾರೆಯನ್ನು ಹಿಡಿಯದು. ಅದನ್ನು ಉಳಿಯಿಂದ ಕಚ್ಚು ಮಾಡಿ, ಧೂಳು, ಎಣ್ಣೆ ತೊಳೆದು, ನೀರು ಕುಡಿಸಿ, ಸಿಮೆಂಟ್ ಹಾಲು ಸವರಿದ ಮೇಲೆಯೇ ಗಾರೆ ಹರಡಬೇಕು. ಕಲ್ಲಿನಡಿ ಎಲ್ಲೂ ಪೊಳ್ಳು ಉಳಿಯಬಾರದು. ಕೂರಿಸಿದ ಕಲ್ಲನ್ನು ಮೇಸ್ತ್ರಿ ತಟ್ಟಿ ನೋಡುವುದು ಅದಕ್ಕೇ. ಟೊಳ್ಳು ಸದ್ದು ಬಂದ ಕಡೆ ಭಾರ ಬಿದ್ದರೆ ಕಲ್ಲು ಬಿರಿಯುತ್ತದೆ. ಕಾಂಕ್ರೀಟಿನಲ್ಲಿ ಮೊದಲೇ ಬಿರುಕಿದ್ದರೆ ಅದೂ ಮೇಲಕ್ಕೆ ಬರುತ್ತದೆ.

ಭಾರದ ಲೆಕ್ಕವೂ ಉಂಟು. ಒಂದು ಅಂಗುಲದ ಕಲ್ಲು, ಅಷ್ಟೇ ದಪ್ಪದ ಗಾರೆ ಸೇರಿದರೆ 100 ಚದರ ಅಡಿಗೆ ಒಂದು ಟನ್ನಿಗೂ ಹೆಚ್ಚು. ಮಹಡಿಯ ಮೇಲಾದರೆ ಎಂಜಿನಿಯರನ್ನು ಕೇಳದೆ ಹಾಸುವುದು ಸಲ್ಲದು. ನೆಲ ಎರಡು ಅಂಗುಲ ಏರುವುದರಿಂದ ಬಾಗಿಲುಗಳ ಬುಡವನ್ನೂ ಕೊಯ್ಯಬೇಕಾದೀತು. ಹಾಸಿದ ಮೇಲೆ ಆಸಿಡ್ ಹಾಕಿ ತೊಳೆಯಬಾರದು. ಸುಣ್ಣಕಲ್ಲು ಆಸಿಡ್‌ಗೆ ಕರಗುತ್ತದೆ.

ಸುಣ್ಣದ ಗಾರೆಯ ಮೇಲಿನ ಕಲ್ಲು ತಪ್ಪನ್ನು ತಿದ್ದಿಕೊಳ್ಳಲು ಬಿಡುತ್ತಿತ್ತು. ಸಿಮೆಂಟಿಗೆ ಅಂಟಿದ ಕಲ್ಲನ್ನು ಎಬ್ಬಿಸಹೋದರೆ ಬಹುಪಾಲು ಒಡೆಯುತ್ತದೆ. ಕಲ್ಲು ಬದಲಾಗಿಲ್ಲ, ಅದರ ಹಾಸಿಗೆ ಬದಲಾಗಿದೆ. ಹಾಗಾಗಿ ಇಂದಿನ ಮೇಸ್ತ್ರಿಗೆ ಸಿಗುವುದು ಒಂದೇ ಅವಕಾಶ.